ಗೆರೆ ದಾಟಿದ್ದು ಯಾರು?

ಬನಶಂಕರಿ ಎರಡನೇ ಹಂತದಲ್ಲಿ ನಮ್ಮ ಚಿಕ್ಕಪ್ಪನದೊಂದು ಕಾಂಡಿಮೆಂಟ್ಸ್ ಅಂಗಡಿ ಇದೆ. ಬೆಳಗಿನ ಜಾವ ಐದಕ್ಕೆ ಹಾಲಿನ ಕ್ರೇಟು ಇಳಿಸಿಕೊಳ್ಳುವುದರಿಂದ ಶುರುವಾಗಿ ರಾತ್ರಿ ಹತ್ತಕ್ಕೆ ಶಟರ್ ಎಳೆಯುವ ಅಂಗಡಿ. 2025ರ ಜುಲೈ ತಿಂಗಳ ಒಂದು ದಿನ ಚಿಕ್ಕಪ್ಪ ಗಲ್ಲಾದ ಪಕ್ಕ ನಿಲ್ಲಿಸಿದ್ದ ಕ್ಯೂಆರ್ ಕೋಡಿನ ಫಲಕವನ್ನು ಗೋಡೆಯ ಕಡೆಗೆ ಮುಖ ಮಾಡಿ ತಿರುಗಿಸಿಟ್ಟರು. ಕಿತ್ತು ಹಾಕಲಿಲ್ಲ, ಒಳಗೆ ಎತ್ತಿಡಲೂ ಇಲ್ಲ, ತಿರುಗಿಸಿಟ್ಟರು ಅಷ್ಟೇ. ಜೆ.ಪಿ. ನಗರ, ಜಯನಗರ, ಬಿಟಿಎಂ ಲೇಔಟು, ಎಲ್ಲ ಕಡೆಯೂ ಆ ದಿನಗಳಲ್ಲಿ ಇದೇ ದೃಶ್ಯ. ಬಿಸ್ಕತ್ತಿನ ರಟ್ಟು ಹರಿದು ಸ್ಕೆಚ್ ಪೆನ್ನಿನಲ್ಲಿ 'ಯುಪಿಐ ಇಲ್ಲ, ಕ್ಯಾಶ್ ಮಾತ್ರ' ಎಂದು ಬರೆದ ಬೋರ್ಡುಗಳು. ಎಷ್ಟೋ ವರ್ಷಗಳ ನಂತರ ಜನ ಚಿಲ್ಲರೆಗಾಗಿ ಜೇಬು ತಡಕುತ್ತಿದ್ದರು.

ಕಾರಣ ಎಲ್ಲರಿಗೂ ನೆನಪಿದೆ. ರಾಜ್ಯದ ವಾಣಿಜ್ಯ ತೆರಿಗೆಗಳ ಇಲಾಖೆ ಯುಪಿಐ ಮೂಲಕ ಬಂದ ಹಣದ ವಿವರ ತೆಗೆದುಕೊಂಡು, ವರ್ಷಕ್ಕೆ 40 ಲಕ್ಷ ರೂಪಾಯಿಗಿಂತ ಹೆಚ್ಚು ವಹಿವಾಟು ಕಂಡುಬಂದ ಸಾವಿರಾರು ಸಣ್ಣ ವರ್ತಕರಿಗೆ ಜಿಎಸ್‌ಟಿ ನೋಟಿಸು ಕಳಿಸಿತ್ತು. ಲೆಕ್ಕ 2021-22ರಿಂದ ಹಿಡಿದದ್ದು. ಬೇಕರಿ, ಕಾಂಡಿಮೆಂಟ್ಸ್, ತರಕಾರಿ ಅಂಗಡಿಯವರೆಲ್ಲ ಬೆಚ್ಚಿದರು. ಬಂದ್ ಮಾತು ಬಂತು. ಜುಲೈ 23ರಂದು ಮುಖ್ಯಮಂತ್ರಿ ಸಿದ್ದರಾಮಯ್ಯ ವರ್ತಕರ ಪ್ರತಿನಿಧಿಗಳನ್ನು ಕರೆಸಿ ಮಾತಾಡಿದ ಮೇಲೆ, ಹಳೆಯ ಬಾಕಿ ವಸೂಲಿ ಮಾಡುವುದಿಲ್ಲ, ಆದರೆ ಇನ್ನು ಮುಂದೆ ನೋಂದಣಿ ಮಾಡಿಸಿಕೊಳ್ಳಬೇಕು ಎಂಬಲ್ಲಿಗೆ ವಿಷಯ ತಣ್ಣಗಾಯಿತು. ಪತ್ರಿಕೆಗಳು ಮುಂದಿನ ಸುದ್ದಿಗೆ ಹೋದವು.

ಚಿಕ್ಕಪ್ಪನಿಗೆ ನೋಟಿಸು ಬಂದಿರಲಿಲ್ಲ. ಅದಕ್ಕೇ ಅವರಿಗೆ ಹೆಚ್ಚು ಭಯ. ಒಂದು ಭಾನುವಾರ ಮಧ್ಯಾಹ್ನ ನನ್ನ ಮುಂದೆ ಐದು ಉದ್ದ ನೋಟ್‌ಬುಕ್ಕು, ಫೋನಿನಲ್ಲಿ ಬ್ಯಾಂಕಿನ ಸ್ಟೇಟ್‌ಮೆಂಟು ಇಟ್ಟು, "ನೀನು ಪಿಎಚ್.ಡಿ. ಮಾಡ್ತಿದ್ದೀಯಲ್ಲ, ನಾನು ದಾಟಿದೀನಾ ಇಲ್ವಾ ಅಂತ ನೋಡಿ ಹೇಳು" ಎಂದರು. ನನ್ನ ಪಿಎಚ್.ಡಿ. ಇರುವುದು ರಾಜಕೀಯ ತತ್ತ್ವಶಾಸ್ತ್ರದಲ್ಲಿ, ಪ್ರಭುತ್ವಕ್ಕೆ ಪ್ರಜೆ ಕೊಡುವ 'ಒಪ್ಪಿಗೆ' ಎಂದರೇನು ಎಂಬುದರ ಬಗ್ಗೆ. ಕೂಡಿ ಕಳೆಯುವುದಕ್ಕೂ ಅದಕ್ಕೂ ಸಂಬಂಧವಿಲ್ಲ ಎಂದು ಹೇಳಿದರೆ ಅವರು ನಂಬುವ ಹಾಗಿರಲಿಲ್ಲ. ಕುಳಿತೆ. ಸಂಬಂಧವಿದೆ ಎಂದು ಗೊತ್ತಾದದ್ದು ಸಂಜೆಯ ಹೊತ್ತಿಗೆ.

ಲೆಕ್ಕ ಹೀಗೆ ಬಂತು. 2024-25ರಲ್ಲಿ ಅವರ ಒಟ್ಟು ವಹಿವಾಟು ಸುಮಾರು 38 ಲಕ್ಷ 60 ಸಾವಿರ. ಗೆರೆಯ ಈಚೆಗೇ ಇದ್ದಾರೆ. ಅದರಲ್ಲಿ ದೊಡ್ಡ ಪಾಲು ಹಾಲು, ದಿನಕ್ಕೆ 150 ಲೀಟರ್. 2025ರ ಏಪ್ರಿಲ್ 1ರಿಂದ ನಂದಿನಿ ಹಾಲಿನ ಬೆಲೆ ಲೀಟರಿಗೆ 4 ರೂಪಾಯಿ ಏರಿತು. ನೂರೈವತ್ತು ಲೀಟರಿಗೆ ದಿನಕ್ಕೆ 600 ರೂಪಾಯಿ, ವರ್ಷಕ್ಕೆ 2 ಲಕ್ಷ 19 ಸಾವಿರ. ಅಂದರೆ ಈ ವರ್ಷ ಅವರು ಒಂದೇ ಒಂದು ಪ್ಯಾಕೆಟ್ಟನ್ನೂ ಹೆಚ್ಚು ಮಾರದೆ, ಒಬ್ಬ ಗಿರಾಕಿಯೂ ಹೊಸದಾಗಿ ಬಾರದೆ, 40 ಲಕ್ಷದ ಗೆರೆ ದಾಟುತ್ತಾರೆ. ಆ ನಾಲ್ಕು ರೂಪಾಯಿ ಅವರ ಕೈಯಲ್ಲಿ ನಿಲ್ಲುವುದೂ ಇಲ್ಲ. ಅದನ್ನು ಏರಿಸಿದ್ದೇ ಹೈನುಗಾರರಿಗೆ ಕೊಡಬೇಕೆಂದು. ಚಿಕ್ಕಪ್ಪನಿಗೆ ದಕ್ಕುವುದು ಸಣ್ಣ ಕಮಿಷನ್.

"ಹಾಲಿಗೆ ಜಿಎಸ್‌ಟಿ ಇಲ್ವಲ್ಲ?" ಎಂದು ಅವರು ಕೇಳಿದರು. ಸರಿಯಾದ ಪ್ರಶ್ನೆ. ಹಾಲಿಗೆ ತೆರಿಗೆ ಇಲ್ಲ. ಆದರೆ ನೋಂದಣಿ ಮಾಡಿಸಬೇಕೋ ಬೇಡವೋ ಎಂದು ಅಳೆಯುವಾಗ ಕಾನೂನು ನೋಡುವುದು ಒಟ್ಟು ವಹಿವಾಟನ್ನು, ತೆರಿಗೆ ಇಲ್ಲದ ವಸ್ತುಗಳನ್ನೂ ಸೇರಿಸಿ. ಬರೀ ಹಾಲು ಮಾರುವವರಿಗೆ ನೋಂದಣಿಯ ಗೊಡವೆ ಇಲ್ಲ. ಹಾಲಿನ ಜೊತೆ ಬಿಸ್ಕತ್ತು, ಸೋಪು ಇಟ್ಟಿರೋ, ಹಾಲಿನ ಹಣವೂ ಅಳತೆಯ ಒಳಗೆ ಬಂತು. ಬೆಂಗಳೂರಿನಲ್ಲಿ ಬರೀ ಹಾಲು ಮಾರಿ ಅಂಗಡಿ ಬಾಡಿಗೆ ಕಟ್ಟುವವರು ಯಾರಿದ್ದಾರೆ?

ಆಮೇಲೆ ಅವರು ಕೇಳಿದ್ದು ನನ್ನನ್ನು ಇನ್ನೂ ಬಿಟ್ಟಿಲ್ಲ. "ಅಲ್ಲಾ ಕಣೇ, ನಾನೇನ್ ಮಾಡ್ದೆ?"

ಈ ಪ್ರಶ್ನೆಯನ್ನು ಅವರು ಗೋಳಿನ ದನಿಯಲ್ಲಿ ಕೇಳಲಿಲ್ಲ. ನಿಜಕ್ಕೂ ತಿಳಿಯಬೇಕಾಗಿತ್ತು. ಒಂದು ಹೊಣೆ ನಮ್ಮ ಮೇಲೆ ಬೀಳಬೇಕಾದರೆ ನಾವು ಏನಾದರೂ ಮಾಡಿರಬೇಕು, ಇಲ್ಲವೇ ಮಾಡಬೇಕಾದ್ದನ್ನು ಬಿಟ್ಟಿರಬೇಕು. ಇದು ನೀತಿಶಾಸ್ತ್ರದ ಮೊದಲ ತರಗತಿಯ ಪಾಠ. ಅಂಗಡಿ ದೊಡ್ಡದು ಮಾಡಿದ್ದರೆ, ಇನ್ನೊಂದು ಶಾಖೆ ತೆಗೆದಿದ್ದರೆ, ಅದು ಕ್ರಿಯೆ. ಬೆಳೆದಿದ್ದೀಯ, ಇನ್ನು ನೀನೂ ಹೆಗಲು ಕೊಡು ಎಂದು ಸಮಾಜ ಕೇಳುವುದು ನ್ಯಾಯ. ಬಸ್ಸಿನ ಬಾಗಿಲಲ್ಲಿ ಅರ್ಧ ಟಿಕೆಟ್ಟಿಗೆ ಎತ್ತರದ ಗೆರೆ ಎಳೆದಿರುವ ಹಾಗೆ. ಗೆರೆಗಿಂತ ಎತ್ತರವಾದ ಮಗುವಿಗೆ ಪೂರ್ತಿ ಟಿಕೆಟ್. ಇಲ್ಲಿ ಮಗು ಬೆಳೆದಿಲ್ಲ. ನಿಂತ ನೆಲ ಮೇಲಕ್ಕೆ ಬಂದಿದೆ.

40 ಲಕ್ಷದ ಈ ಅಂಕಿ 2019ರ ಏಪ್ರಿಲ್ 1ರಿಂದ ಹೀಗೇ ಇದೆ. ಜಿಎಸ್‌ಟಿ ಶುರುವಾದ 2017ರ ಜುಲೈಯಲ್ಲಿ ಅದು 20 ಲಕ್ಷವಿತ್ತು, ಆಮೇಲೆ ಸರಕು ಮಾರುವವರಿಗೆ ಮಾತ್ರ ಎರಡು ಪಟ್ಟಾಯಿತು. ಸೇವೆ ಕೊಡುವವರಿಗೆ ಇವತ್ತಿಗೂ 20 ಲಕ್ಷವೇ. 2025ರ ಸೆಪ್ಟೆಂಬರ್ 22ರಿಂದ ಜಿಎಸ್‌ಟಿ ದರಗಳನ್ನೆಲ್ಲ ಕಲಕಿ ಹೊಸದಾಗಿ ಜೋಡಿಸಿದರು, ಪನೀರು, ಚಪಾತಿಗಳು ಶೂನ್ಯ ದರಕ್ಕೆ ಇಳಿದವು, ಸಿಮೆಂಟು 28ರಿಂದ 18ಕ್ಕೆ ಬಂತು. ಗೆರೆಯನ್ನು ಯಾರೂ ಮುಟ್ಟಲಿಲ್ಲ.

ರೂಪಾಯಿ ಮಾತ್ರ ಅಲ್ಲೇ ನಿಂತಿಲ್ಲ. ಎಷ್ಟು ಸರಿದಿದೆ ಎನ್ನುವುದಕ್ಕೆ ನನ್ನ ಅಂದಾಜು ಬೇಡ, ಆದಾಯ ತೆರಿಗೆಯವರೇ ಪ್ರತಿವರ್ಷ ಒಂದು ಸಂಖ್ಯೆ ಪ್ರಕಟಿಸುತ್ತಾರೆ. ಅದರ ಹೆಸರು ವೆಚ್ಚ ಹಣದುಬ್ಬರ ಸೂಚ್ಯಂಕ. 2001-02ನ್ನು 100 ಎಂದಿಟ್ಟುಕೊಂಡರೆ 2019-20ಕ್ಕೆ 289, 2025-26ಕ್ಕೆ 376. ಹಾಗೆ ಹಿಡಿದರೆ 2019ರ 40 ಲಕ್ಷ ಇವತ್ತಿನ 52 ಲಕ್ಷಕ್ಕೆ ಸಮ. ಸೇವೆಯವರ 20 ಲಕ್ಷ (2017-18ರ ಸೂಚ್ಯಂಕ 272) ಇವತ್ತು 27 ಲಕ್ಷ 60 ಸಾವಿರದ ಮೇಲೆ. ಈ ಸೂಚ್ಯಂಕ ಬೆಲೆಯೇರಿಕೆಯ ಮುಕ್ಕಾಲು ಪಾಲನ್ನು ಮಾತ್ರ ಲೆಕ್ಕಕ್ಕೆ ತೆಗೆದುಕೊಳ್ಳುವಂತೆ ರೂಪಿಸಿದ್ದು ಎಂಬುದನ್ನೂ ನೆನಪಿಡಿ. ಅಂದರೆ ಒಂದು ಕೈಯಲ್ಲಿ ಸರ್ಕಾರ ರೂಪಾಯಿ ಇಷ್ಟು ಸವೆದಿದೆ ಎಂದು ಬರೆದು ಸಹಿ ಹಾಕುತ್ತದೆ, ಇನ್ನೊಂದು ಕೈಯಲ್ಲಿ ಸವೆದೇ ಇಲ್ಲ ಎಂಬಂತೆ ಗೆರೆ ಹಿಡಿದುಕೊಂಡು ನಿಲ್ಲುತ್ತದೆ.

ಇದು ಮರೆವಿನಿಂದ ಆದದ್ದು ಎನ್ನುವ ಹಾಗೂ ಇಲ್ಲ. 2016ರಲ್ಲಿ ರಿಸರ್ವ್ ಬ್ಯಾಂಕ್ ಕಾಯ್ದೆಗೆ ತಿದ್ದುಪಡಿ ತಂದು, ಹಣದುಬ್ಬರವನ್ನು ಶೇ. 4ರ ಆಸುಪಾಸಿನಲ್ಲಿ ಇಡುವುದು ಬ್ಯಾಂಕಿನ ಗುರಿ ಎಂದು ಗೊತ್ತುಮಾಡಿದರು, ಎರಡು ಅಂಕ ಆಚೆ ಎರಡು ಅಂಕ ಈಚೆ. ಶೂನ್ಯವಲ್ಲ, 4. ರೂಪಾಯಿ ಪ್ರತಿವರ್ಷ ಸ್ವಲ್ಪ ಸವೆಯಬೇಕು ಎನ್ನುವುದು ಈ ದೇಶದ ಘೋಷಿತ ನೀತಿ. ಅದಕ್ಕೆ ಒಳ್ಳೆಯ ಕಾರಣಗಳಿವೆ, ಅರ್ಥಶಾಸ್ತ್ರಜ್ಞರಲ್ಲಿ ಹೆಚ್ಚಿನವರು ಒಪ್ಪುತ್ತಾರೆ, ನಾನೂ ಒಪ್ಪುತ್ತೇನೆ. ಆದರೆ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ: ಒಂದು ಕಾನೂನು ರೂಪಾಯಿ ವರ್ಷಕ್ಕೆ ನೂರಕ್ಕೆ ನಾಲ್ಕರಂತೆ ಇಳಿಯಲಿ ಎನ್ನುತ್ತದೆ, ಇನ್ನೊಂದು 40 ಲಕ್ಷ ಎಂದು ಬರೆದು ಬಾಯಿ ಮುಚ್ಚುತ್ತದೆ. ಎರಡೂ ಸೇರಿದಾಗ ಹುಟ್ಟುವುದು ಯಾವ ಶಾಸನಸಭೆಯೂ ಬರೆಯದ ಮೂರನೆಯ ಕಾನೂನು. ವಿನಾಯಿತಿಯ ಗೆರೆ ಪ್ರತಿವರ್ಷ ಶೇ. 4ರಷ್ಟು ಕೆಳಗಿಳಿಯತಕ್ಕದ್ದು.

ಸಂವಿಧಾನದ 265ನೇ ವಿಧಿ ಹೇಳುವುದು, ಕಾನೂನಿನ ಅಧಿಕಾರವಿಲ್ಲದೆ ಯಾವ ತೆರಿಗೆಯನ್ನೂ ಹಾಕುವಂತಿಲ್ಲ, ವಸೂಲು ಮಾಡುವಂತಿಲ್ಲ ಎಂದು. ನ್ಯಾಯಾಲಯದಲ್ಲಿ ನನ್ನ ಮೂರನೆಯ ಕಾನೂನಿನ ವಾದ ಐದು ನಿಮಿಷ ನಿಲ್ಲುವುದಿಲ್ಲ ಎಂದು ಬಲ್ಲೆ. 40 ಲಕ್ಷ ಎಂದು ಕಾನೂನು ಹೇಳಿದೆ, 40 ಲಕ್ಷ ದಾಟಿದೆ, ಮುಗಿಯಿತು. ಕಾನೂನಿನ ಕಣ್ಣಿಗೆ ರೂಪಾಯಿ ಎಂದರೆ ರೂಪಾಯಿ. ಆದರೆ 265ನೇ ವಿಧಿಯ ಹಿಂದಿರುವ ನೈತಿಕ ಆಸೆ ಬೇರೆ. ನನ್ನ ಜೇಬಿಗೆ ಕೈ ಹಾಕುವ ಮೊದಲು ಯಾರೋ ಒಬ್ಬರು ಎದ್ದು ನಿಂತು, ಕೈ ಹಾಕುತ್ತಿದ್ದೇನೆ ಎಂದು ಹೇಳಬೇಕು. ನಾನು ಬೈಯಬಹುದಾದ ಮುಖವೊಂದು ಇರಬೇಕು. ಹಣದುಬ್ಬರದಲ್ಲಿ ಆ ಮುಖ ಇಲ್ಲ. ಕೇನ್ಸ್ 1919ರಲ್ಲೇ ಯುದ್ಧಾನಂತರದ ಯುರೋಪನ್ನು ನೋಡಿ, ಹಣದುಬ್ಬರದ ಮೂಲಕ ಸರ್ಕಾರಗಳು ಪ್ರಜೆಗಳ ಸಂಪತ್ತನ್ನು ಯಾರ ಕಣ್ಣಿಗೂ ಬೀಳದ ಹಾಗೆ ತೆಗೆದುಕೊಳ್ಳಬಲ್ಲವು ಎಂದು ಎಚ್ಚರಿಸಿದ್ದ. ಅವನು ಹೇಳಿದ್ದು ಹುಚ್ಚೆದ್ದ ಹಣದುಬ್ಬರದ ಬಗ್ಗೆ. ನಾನು ಹೇಳುತ್ತಿರುವುದು ಶಿಸ್ತಿನ, ಒಳ್ಳೆಯ ನಡತೆಯ ಶೇ. 4ರ ಬಗ್ಗೆ.

ನನ್ನ ಪ್ರಬಂಧದ ಮೂರನೇ ಅಧ್ಯಾಯದಲ್ಲಿ ಜಾನ್ ಲಾಕ್ ಬರುತ್ತಾನೆ. ಒಂದು ದೇಶದ ಹೆದ್ದಾರಿಯಲ್ಲಿ ನಡೆದವನೂ ಆ ದೇಶದ ಸರ್ಕಾರಕ್ಕೆ ಮೌನವಾಗಿ ಒಪ್ಪಿಗೆ ಕೊಟ್ಟಂತೆ ಎಂದು ಅವನ ವಾದ. ಈ ಲೆಕ್ಕದಲ್ಲಿ ಕ್ಯೂಆರ್ ಕೋಡ್ ಅಂಟಿಸಿದ ದಿನವೇ ಚಿಕ್ಕಪ್ಪ ಒಪ್ಪಿದ್ದಾರೆ. ಅದಕ್ಕೆ ಡೇವಿಡ್ ಹ್ಯೂಮ್ 1748ರಲ್ಲಿ ಕೊಟ್ಟ ಉತ್ತರ ನನಗಿಷ್ಟ: ನಿದ್ದೆಯಲ್ಲಿದ್ದವನನ್ನು ಹೊತ್ತು ಹಡಗಿಗೆ ಹಾಕಿದ್ದಾರೆ, ನಡುಸಮುದ್ರದಲ್ಲಿ ಎಚ್ಚರವಾಗಿದೆ. ಅವನು ಹಡಗಿನಲ್ಲೇ ಉಳಿದಿದ್ದಾನೆ ಎಂದ ಮಾತ್ರಕ್ಕೆ ಕಪ್ತಾನನ ಅಧಿಕಾರವನ್ನು ಒಪ್ಪಿದ್ದಾನೆ ಎನ್ನಲಾದೀತೆ? ಹಾರಿದರೆ ಸಮುದ್ರ. ಕ್ಯೂಆರ್ ಕೋಡ್ ತಿರುಗಿಸಿಟ್ಟ ಚಿಕ್ಕಪ್ಪ ಮೂರೇ ದಿನದಲ್ಲಿ ಮತ್ತೆ ಈ ಕಡೆ ತಿರುಗಿಸಿದರು. ಕಾಲೇಜು ಹುಡುಗರು ಪಕ್ಕದ ಬೀದಿಗೆ ಹೋಗತೊಡಗಿದ್ದರು.

ಇಲ್ಲಿಗೆ ನಿಲ್ಲಿಸಿದರೆ ಚಿಕ್ಕಪ್ಪನನ್ನು ಹುತಾತ್ಮರನ್ನಾಗಿ ಮಾಡಿದ ಹಾಗಾಗುತ್ತದೆ. ಅವರು ಹುತಾತ್ಮರಲ್ಲ. ಲೆಕ್ಕ ಮಾಡುವಾಗ ನನಗೆ ಕಂಡ ಇನ್ನೊಂದು ಸಂಗತಿ ಎಂದರೆ, ಕಳೆದ ಮೂರು ವರ್ಷದಿಂದ ಅವರು ಒಟ್ಟು ಕೂಡುವುದನ್ನೇ ಬಿಟ್ಟಿದ್ದರು. ನೋಟ್‌ಬುಕ್ಕಿನಲ್ಲಿ ದಿನದ ಲೆಕ್ಕವಿದೆ, ತಿಂಗಳ ಮೊತ್ತವಿಲ್ಲ. ಮೊದಲೆಲ್ಲ ಇರುತ್ತಿತ್ತು. ಯಾಕೆ ಎಂದರೆ ನಕ್ಕರು. ಗೊತ್ತಾಗಬಾರದು ಎಂದು ನಾವೇ ಆಯ್ದುಕೊಂಡ ಅಜ್ಞಾನವನ್ನು ಅಜ್ಞಾನ ಎನ್ನುವುದು ಕಷ್ಟ. 'ನಾನೇನ್ ಮಾಡ್ದೆ' ಎಂಬ ಪ್ರಶ್ನೆಗೆ ಇದೂ ಒಂದು ಉತ್ತರ: ಕೂಡಲಿಲ್ಲ.

ಅದಲ್ಲದೆ ಎದುರು ಸಾಲಿನಲ್ಲಿ ನೋಂದಣಿ ಮಾಡಿಸಿಕೊಂಡ ಪ್ರಾವಿಷನ್ ಸ್ಟೋರ್ ಒಂದಿದೆ. ಅದರ ಮಾಲೀಕರು ಎಂಟು ವರ್ಷದಿಂದ ಅಕೌಂಟೆಂಟಿಗೆ ಸಂಬಳ ಕೊಟ್ಟು ರಿಟರ್ನ್ ಹಾಕುತ್ತಾ ಬಂದವರು. ಅವರ ಕಣ್ಣಿನಲ್ಲಿ ಗೆರೆ ಇಳಿಯುವುದು ಅನ್ಯಾಯವಲ್ಲ, ತಡವಾಗಿ ಬಂದ ನ್ಯಾಯ. ವಿನಾಯಿತಿ ಎನ್ನುವುದು ಹಕ್ಕಲ್ಲ, ರಿಯಾಯಿತಿ. ಕರಗುವ ರಿಯಾಯಿತಿಯ ಬಗ್ಗೆ ದೂರಲು ಏನಿದೆ ಎಂದು ಅವರು ಕೇಳಿದರೆ ನನ್ನ ಬಳಿ ಪೂರ್ತಿ ಉತ್ತರವಿಲ್ಲ. ತೆರಿಗೆಯೂ ದೊಡ್ಡದೇನಲ್ಲ. ರಾಜಿ ತೆರಿಗೆ ಪದ್ಧತಿಗೆ, ಎಲ್ಲರೂ ಕಾಂಪೊಸಿಷನ್ ಎನ್ನುವುದು, ಸೇರಿಕೊಂಡರೆ ವ್ಯಾಪಾರಿಗೆ ತೆರಿಗೆ ಬೀಳುವ ಸರಕಿನ ಮಾರಾಟದ ಮೇಲೆ ಶೇ. 1. ಒಂದೂವರೆ ಕೋಟಿಯವರೆಗೆ ಈ ಸೌಲಭ್ಯ. ಹಾಲು ಬಿಟ್ಟು ಉಳಿದದ್ದರ ಮೇಲೆ ಚಿಕ್ಕಪ್ಪ ಕಟ್ಟಬೇಕಾದ್ದು ವರ್ಷಕ್ಕೆ ಹನ್ನೆರಡು ಸಾವಿರದ ಸುತ್ತ.

ಹಾಗಾದರೆ ಅಷ್ಟು ಭಯ ಯಾಕೆ? ಯಾಕೆಂದರೆ ಸಮಯಕ್ಕೆ ನೋಂದಣಿ ಮಾಡಿಸಿದವನಿಗೂ ಮಾಡಿಸದವನಿಗೂ ನಡುವಿನ ಅಂತರ ವಿಪರೀತ. ಹಾವೇರಿಯ ಒಬ್ಬ ತರಕಾರಿ ವ್ಯಾಪಾರಿಯ ಕತೆ ಆಗ ಎಲ್ಲ ಪತ್ರಿಕೆಗಳಲ್ಲೂ ಬಂದಿತ್ತು. ನಾಲ್ಕು ವರ್ಷದಲ್ಲಿ 1 ಕೋಟಿ 63 ಲಕ್ಷದ ವಹಿವಾಟು, ಅದಕ್ಕೆ 29 ಲಕ್ಷ ತೆರಿಗೆ ಕೇಳಿ ನೋಟಿಸು. ಭಾಗಿಸಿ ನೋಡಿ, ಹೆಚ್ಚುಕಡಿಮೆ ಶೇ. 18. ತಾಜಾ ತರಕಾರಿಗೆ ಜಿಎಸ್‌ಟಿಯೇ ಇಲ್ಲ. ಇನ್ನೊಂದು ಸಲ ಭಾಗಿಸಿ: 1 ಕೋಟಿ 63 ಲಕ್ಷವನ್ನು ನಾಲ್ಕು ವರ್ಷಕ್ಕೆ ಹಂಚಿದರೆ ಸರಾಸರಿ 40 ಲಕ್ಷ 75 ಸಾವಿರ. ಗೆರೆಯ ಮೇಲೆ ಎರಡು ಬೆರಳು. ಬೆಲೆಯೇರಿಕೆಯ ಜೊತೆಗೆ ಗೆರೆಯೂ ಏರಿದ್ದರೆ ಅವರ ಹೆಸರು ಯಾರ ಪಟ್ಟಿಯಲ್ಲೂ ಬರುತ್ತಿರಲಿಲ್ಲವೇನೋ. ಹೊಣೆ ಶುರುವಾದ 30 ದಿನದೊಳಗೆ ನೋಂದಣಿ ಮಾಡಿಸಬೇಕು ಎನ್ನುತ್ತದೆ ಕಾನೂನು. ಯಾವ ಘಟನೆಯೂ ಇಲ್ಲದೆ ದಾಟಿದ ಗೆರೆಯ 30 ದಿನವನ್ನು ಎಲ್ಲಿಂದ ಎಣಿಸುವುದು? ಯಾವ ಹಾಲಿನ ಪ್ಯಾಕೆಟ್ಟಿನಿಂದ?

ಹಣದುಬ್ಬರವೂ ತೆರಿಗೆಯೂ ಸೇರಿ ವ್ಯವಹಾರವನ್ನು ಹಿಂಡುವ ರೀತಿ ಇದೊಂದೇ ಅಲ್ಲ. ಲೆಕ್ಕಪತ್ರ ಅಚ್ಚುಕಟ್ಟಾಗಿ ಇಟ್ಟವರಿಗೂ ಬೇರೆ ಬಗೆಯಲ್ಲಿ ಇದೇ ಪಾಡು. ಒಂದು ದರ್ಶಿನಿ ಹೋಟೆಲನ್ನು ತೆಗೆದುಕೊಳ್ಳಿ. ನಿಂತು ತಿನ್ನುವ ಈ ಪದ್ಧತಿ ಶುರುವಾದದ್ದೇ ನಮ್ಮ ಜಯನಗರದಲ್ಲಿ, 1983ರ ಕೆಫೆ ದರ್ಶಿನಿಯಿಂದ. ಕಡಿಮೆ ಜಾಗ, ಕಡಿಮೆ ಬೆಲೆ, ಬೇಗ ಕೈ ಬದಲಿಸುವ ಹಣ. 2017ರ ನವೆಂಬರಿನಿಂದ ಇಂಥ ಹೋಟೆಲುಗಳಿಗೆ ಶೇ. 5 ಜಿಎಸ್‌ಟಿ, ಆದರೆ ತಾವು ಕೊಂಡದ್ದರ ಮೇಲೆ ಕೊಟ್ಟ ತೆರಿಗೆಯನ್ನು ಹಿಂಪಡೆಯುವಂತಿಲ್ಲ. ಅಂಗಡಿಯ ಬಾಡಿಗೆ ಮೇಲೆ ಶೇ. 18, ವಾಣಿಜ್ಯ ಸಿಲಿಂಡರಿನ ಮೇಲೆ ಶೇ. 18. ಬಾಡಿಗೆ ಒಂದು ಲಕ್ಷದಿಂದ ಒಂದು ಲಕ್ಷದ ಹತ್ತು ಸಾವಿರಕ್ಕೆ ಏರಿದರೆ ಹೋಟೆಲಿಗೆ ಏರುವುದು 11,800. ಬೆಲೆಯೇರಿಕೆಯ ಮೇಲೂ ತೆರಿಗೆ. ಗಿರಾಕಿ ಮಾತ್ರ ಇಡ್ಲಿಗೆ ಐದು ರೂಪಾಯಿ ಹೆಚ್ಚಾಯಿತೆಂದು ಮಾಲೀಕರ ಮುಖ ನೋಡುತ್ತಾನೆ.

ಇನ್ನು ಯಂತ್ರಗಳು. ಹತ್ತು ವರ್ಷದ ಹಿಂದೆ ಒಂದು ಲಕ್ಷಕ್ಕೆ ಕೊಂಡ ಗ್ರೈಂಡರು ಎಂದುಕೊಳ್ಳಿ. ಅದರ ಸವಕಳಿಯನ್ನು ತೆರಿಗೆ ಲೆಕ್ಕದಲ್ಲಿ ಕಳೆಯಲು ಬಿಡುವುದು ಆ ಒಂದು ಲಕ್ಷದ ಮೇಲೆ. ಅದು ಕೆಟ್ಟಾಗ ಹೊಸದಕ್ಕೆ ಬೇಕಾಗುವುದು ಒಂದೂಮುಕ್ಕಾಲು ಲಕ್ಷ. ನಡುವಿನ ಮುಕ್ಕಾಲು ಲಕ್ಷ ಕಾಗದದ ಮೇಲೆ 'ಲಾಭ'ವಾಗಿ ಕಂಡು, ತೆರಿಗೆ ಕಟ್ಟಿಸಿಕೊಂಡು, ಮಾಲೀಕರು ಅದನ್ನೇ ಲಾಭವೆಂದು ನಂಬಿ ಮಗಳ ಮದುವೆಗೆ ಖರ್ಚು ಮಾಡಿ ಆಗಿರುತ್ತದೆ. 1970ರ ದಶಕದ ಹಣದುಬ್ಬರದಲ್ಲಿ ಬ್ರಿಟನ್ನಿನಲ್ಲಿ ಇದು ದೊಡ್ಡ ತಲೆನೋವಾಗಿ, 1975ರಲ್ಲಿ ಸ್ಯಾಂಡಿಲ್ಯಾಂಡ್ಸ್ ಸಮಿತಿ ಲೆಕ್ಕ ಬರೆಯುವ ಪದ್ಧತಿಯನ್ನೇ ಬದಲಿಸಬೇಕೆಂದಿತು. ಕೆಲವು ವರ್ಷ ಪ್ರಯತ್ನಪಟ್ಟು ಕೈಬಿಟ್ಟರು. ನಮ್ಮ ಲೆಕ್ಕಪತ್ರದ ಮಾನದಂಡಗಳು ಹಣದುಬ್ಬರವನ್ನು ಗಂಭೀರವಾಗಿ ಪರಿಗಣಿಸುವುದು ಮೂರು ವರ್ಷದಲ್ಲಿ ಬೆಲೆಗಳು ಹತ್ತಿರಹತ್ತಿರ ದುಪ್ಪಟ್ಟಾದಾಗ. ಮೆಲ್ಲಗೆ ಸಾಯುತ್ತಿರುವವನಿಗೆ ಆಂಬುಲೆನ್ಸ್ ಇಲ್ಲ.

ಬೆಲೆಯೇರಿಕೆಯನ್ನು ಕಣ್ಣಿಗೆ ಕಾಣುವಂತೆ ಎದುರಿಸಿದ ಹೋಟೆಲೊಂದು ದಕ್ಷಿಣ ಬೆಂಗಳೂರಿನಲ್ಲೇ ಇದೆ. ಲಾಲ್‌ಬಾಗ್ ರಸ್ತೆಯ ಎಂಟಿಆರ್. 1924ರಲ್ಲಿ ಶುರುವಾದದ್ದು. ಎರಡನೇ ಮಹಾಯುದ್ಧದಲ್ಲಿ ಬರ್ಮಾ ಜಪಾನಿನ ಪಾಲಾಗಿ ಅಕ್ಕಿ ಸಿಗದಾದಾಗ ಅಲ್ಲಿ ರವೆ ಇಡ್ಲಿ ಹುಟ್ಟಿತು ಎಂಬ ಕತೆ ಎಲ್ಲರಿಗೂ ಗೊತ್ತು. ನನಗೆ ಅದಕ್ಕಿಂತ ಮುಖ್ಯವೆನಿಸುವುದು ತುರ್ತುಪರಿಸ್ಥಿತಿಯ ಕಾಲದ್ದು. ತಿಂಡಿಗಳನ್ನು ಇಂಥ ಕಡಿಮೆ ದರಕ್ಕೇ ಮಾರಬೇಕು ಎಂದು ಸರ್ಕಾರ ಕಟ್ಟು ಮಾಡಿತು. ಅದಕ್ಕೂ ಮೊದಲು 1974ರಲ್ಲಿ ದೇಶದ ಹಣದುಬ್ಬರ ಶೇ. 20ನ್ನೂ ಮೀರಿತ್ತು. ಆ ದರದಲ್ಲಿ ತಮ್ಮ ತುಪ್ಪ, ತಮ್ಮ ಗುಣಮಟ್ಟ ಉಳಿಸಲಾಗದು ಎಂದು ಎಂಟಿಆರ್ ಹೋಟೆಲನ್ನೇ ಮುಚ್ಚಿ, ಸಿದ್ಧ ಮಿಶ್ರಣದ ಪೊಟ್ಟಣಗಳ ಉದ್ಯಮದ ಕಡೆ ತಿರುಗಿತು. ಮುಚ್ಚುವ ಮೊದಲು ದಿನದ ನಷ್ಟ ಎಷ್ಟೆಂದು ಹೊರಗೆ ಬೋರ್ಡು ಬರೆದು ಹಾಕುತ್ತಿದ್ದರು ಎಂದು ಹಿರಿಯರು ಹೇಳುತ್ತಾರೆ. ಹೋಟೆಲು ಮತ್ತೆ ತೆರೆದದ್ದು 1980ರ ದಶಕದಲ್ಲಿ, ಪೊಟ್ಟಣದ ಉದ್ಯಮ ಬೆಳೆದು 2007ರಲ್ಲಿ ನಾರ್ವೆಯ ಓರ್ಕ್ಲಾ ಕೈಸೇರಿತು. ಇದನ್ನು ಕಷ್ಟದಲ್ಲೂ ಅವಕಾಶ ಕಂಡ ಉದ್ಯಮಶೀಲತೆಯ ಕತೆಯಾಗಿ ಮ್ಯಾನೇಜ್‌ಮೆಂಟ್ ತರಗತಿಗಳಲ್ಲಿ ಹೇಳಬಹುದು. ನನಗೆ ಹಿಡಿಸುವುದು ಆ ಬೋರ್ಡು. ಆಗ ಬೆಲೆ ಕಟ್ಟಿದವರು ಯಾರೆಂದು ಎಲ್ಲರಿಗೂ ಗೊತ್ತಿತ್ತು, ಬೋರ್ಡು ಬರೆದು ಅವರಿಗೆ ಹೇಳಬಹುದಿತ್ತು. ಇಳಿಯುವ ಗೆರೆಗೆ ಯಾವ ಬೋರ್ಡು ಬರೆಯುವುದು, ಯಾರ ಹೆಸರಿಗೆ?

ಚಿಕ್ಕಪ್ಪನಿಗೆ ಹಣದುಬ್ಬರ ಏನೆಂದು ಗೊತ್ತಿಲ್ಲ ಎಂದುಕೊಂಡಿದ್ದೆ. ತಪ್ಪು. ಲೆಕ್ಕದ ನಡುವೆ ಅಂಗಡಿಯ ಅಡ್ವಾನ್ಸ್ ಮಾತು ಬಂತು. 2012ರ ಕೊನೆಯಲ್ಲಿ ಮಳಿಗೆ ಹಿಡಿದಾಗ ಮಾಲೀಕರಿಗೆ 3 ಲಕ್ಷ ಅಡ್ವಾನ್ಸ್ ಕೊಟ್ಟಿದ್ದರು, ಊರಿನ ಅರ್ಧ ಎಕರೆ ಅಡಿಕೆ ತೋಟ ಮಾರಿ. ಬಡ್ಡಿ ಇಲ್ಲ, ಬಿಟ್ಟಾಗ ಅಷ್ಟೇ ವಾಪಸ್ಸು. ಬೆಂಗಳೂರಿನಲ್ಲಿ ಇದು ಎಲ್ಲರೂ ಒಪ್ಪಿದ ಪದ್ಧತಿ. "ಆ ಮೂರು ಲಕ್ಷ ಈಗ ಮೂರು ಲಕ್ಷ ಅಲ್ಲ ಬಿಡು" ಎಂದರು. ಅದೇ ಸರ್ಕಾರಿ ಸೂಚ್ಯಂಕ ಹಿಡಿದು ನೋಡಿದೆ. 2012-13ಕ್ಕೆ 200 ಇತ್ತು, ಈಗ 376. ಮೂರು ಲಕ್ಷ ಇವತ್ತಿನ ಐದು ಲಕ್ಷ 64 ಸಾವಿರ ಆಗಬೇಕು. ವಾಪಸ್ಸು ಬರುವುದು ಮೂರೇ. ಉಳಿದದ್ದು ಯಾರೂ ಕದಿಯದೆ, ಯಾರೂ ಸುಳ್ಳು ಹೇಳದೆ, ಒಪ್ಪಂದದ ಒಂದು ಅಕ್ಷರವೂ ಮುರಿಯದೆ ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಹೋಗಿದೆ. ಮಳಿಗೆಯ ಮಾಲೀಕರು ಸಜ್ಜನರು, ಹಬ್ಬಕ್ಕೆ ನಮ್ಮನೆಗೂ ಒಬ್ಬಟ್ಟು ಕಳಿಸುತ್ತಾರೆ. ಅವರು ಏನು ಮಾಡಿದರು? ಅವರೂ ಏನೂ ಮಾಡಿಲ್ಲ.

ಅನ್ಯಾಯ ಮಾಡಿದವರಿಲ್ಲದೆ ಅನ್ಯಾಯ ನಡೆಯಬಲ್ಲದೇ ಎನ್ನುವುದು ಹಳೆಯ ಪ್ರಶ್ನೆ. ನಡೆಯಬಲ್ಲದು ಎಂದು ನನಗನಿಸತೊಡಗಿರುವುದು ಈ ಅಡ್ವಾನ್ಸಿನಿಂದ. ಆದರೆ ಸರ್ಕಾರಕ್ಕೂ ಮಳಿಗೆಯ ಮಾಲೀಕರಿಗೂ ಒಂದು ವ್ಯತ್ಯಾಸವಿದೆ. ಮಾಲೀಕರು ರೂಪಾಯಿಯನ್ನು ಸವೆಸುವವರಲ್ಲ. ಸವೆಸುವವನೂ ಅಳೆಯುವವನೂ ಒಬ್ಬನೇ ಆದಾಗ, ಅಳತೆಗೋಲನ್ನು ಆಗಾಗ ಸರಿಪಡಿಸುವುದು ಉದಾರತೆಯಲ್ಲ, ಅವನ ಕರ್ತವ್ಯ ಎನ್ನುವುದು ನನ್ನ ಸದ್ಯದ ನಿಲುವು. ವಿನಾಯಿತಿ ರಿಯಾಯಿತಿಯೇ ಇರಲಿ. ಕಡಿಮೆ ಮಾಡಬೇಕೆಂದಿದ್ದರೆ ಎದ್ದು ನಿಂತು, ಗೆರೆಯನ್ನು 30 ಲಕ್ಷಕ್ಕೆ ಇಳಿಸುತ್ತೇವೆ ಎಂದು ಹೇಳಲಿ. ಬೈಗುಳ ತಿನ್ನಲಿ. ಎದುರು ಸಾಲಿನ ಪ್ರಾವಿಷನ್ ಸ್ಟೋರಿನವರು ಚಪ್ಪಾಳೆ ತಟ್ಟಲಿ.

ಬೇಕಾದಾಗ ಸರಿಪಡಿಸುವುದು ಸರ್ಕಾರಕ್ಕೆ ಗೊತ್ತಿಲ್ಲದ ವಿದ್ಯೆಯೂ ಅಲ್ಲ. 2024ರ ಜುಲೈ ಬಜೆಟ್ಟಿನಲ್ಲಿ ಮನೆ, ನಿವೇಶನ ಮಾರಿದವರಿಗೆ ಹಣದುಬ್ಬರ ಕಳೆದು ಲಾಭ ಲೆಕ್ಕ ಹಾಕುವ ಸೌಲಭ್ಯ ತೆಗೆದರು. ಗದ್ದಲವಾಯಿತು. ಕೆಲವೇ ವಾರಗಳಲ್ಲಿ, ಹಳೆಯ ಆಸ್ತಿಗಳಿಗೆ ಆ ಆಯ್ಕೆಯನ್ನು ವಾಪಸ್ಸು ಕೊಟ್ಟರು. 2025ರ ಬಜೆಟ್ಟಿನಲ್ಲಿ ಹೊಸ ಪದ್ಧತಿಯಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆ ಇಲ್ಲ ಎಂದರು, ಸಂಬಳದಾರರ ಕೂಗು ಕೇಳಿಸಿತ್ತು. ನಿವೇಶನ ಇದ್ದವರಿಗೆ ರೂಪಾಯಿ ಸವೆಯುತ್ತದೆ, ಸಂಬಳ ಇದ್ದವರಿಗೆ ಸವೆಯುತ್ತದೆ, ಹಾಲು ಮಾರುವವರಿಗೆ ಸವೆಯುವುದಿಲ್ಲ. (ಸಂಶೋಧನಾ ವಿದ್ಯಾರ್ಥಿಗಳಿಗೂ ಸವೆಯುವುದಿಲ್ಲ. ಜೆಆರ್‌ಎಫ್ 37,000ಕ್ಕೆ ಏರಿದ್ದು 2023ರ ಜನವರಿಯಿಂದ; ಬಿಟಿಎಂನ ನನ್ನ ಕೋಣೆಯ ಬಾಡಿಗೆ ಆಮೇಲೆ ಎರಡು ಸಲ ಏರಿದೆ. ಇದನ್ನು ಇಲ್ಲಿ ಹೇಳುವ ಅಗತ್ಯವಿರಲಿಲ್ಲ.)

ಹೂಡಿಕೆಯ ವಿಷಯ ಉಳಿಯಿತು. ಆ ಭಾನುವಾರದ ಮೊದಲು ಚಿಕ್ಕಪ್ಪನ ತಲೆಯಲ್ಲಿ ಒಂದು ಯೋಜನೆ ಇತ್ತು. ಅಂಗಡಿಯ ಪಕ್ಕದ ಸಣ್ಣ ಜಾಗದಲ್ಲಿ ಟೀ ಕೌಂಟರು. ಸ್ಟೀಲಿನ ಕಟ್ಟೆ, ಒಂದು ಒಲೆ, ಒಬ್ಬ ಹುಡುಗ, ಎಲ್ಲ ಸೇರಿ ಒಂದೂವರೆ ಲಕ್ಷ. ಹಾಲಂತೂ ಮನೆಯದೇ. ನಾನು ನಿಯಮಗಳನ್ನು ಓದಿ ಹೇಳಿದೆ: 40 ಲಕ್ಷದ ಗೆರೆ ಸರಕನ್ನು ಮಾತ್ರ ಮಾರುವವರಿಗೆ. ಟೀ ಮಾಡಿ ಕೊಟ್ಟರೆ ಅದು ಸೇವೆ, ಗೆರೆ 20 ಲಕ್ಷಕ್ಕೆ ಇಳಿಯುತ್ತದೆ. ನೋಂದಣಿಯಾದ ಮೇಲೆ ರಾಜಿ ತೆರಿಗೆಯಲ್ಲೂ ಊಟ ತಿಂಡಿಯವರ ದರ ಬೇರೆ, ಶೇ. 5. ಒಂದೇ ಅಂಗಡಿಯಲ್ಲಿ ಎರಡೂ ಇಟ್ಟರೆ ಹೇಗೆ ಎಂದು ಅಕೌಂಟೆಂಟನ್ನು ಕೇಳಬೇಕು, ಅವರಿಗೆ ದುಡ್ಡು ಕೊಡಬೇಕು. ಚಿಕ್ಕಪ್ಪ ಅರ್ಧದಲ್ಲೇ ಕೈ ಎತ್ತಿದರು. "ಬೇಡ ಬಿಡು." ಬ್ರಿಟನ್ನಿನಲ್ಲಿ ವ್ಯಾಟ್ ಗೆರೆಯನ್ನು 2017ರಿಂದ 2024ರವರೆಗೆ 85,000 ಪೌಂಡಿನಲ್ಲೇ ಸ್ಥಗಿತಗೊಳಿಸಿದ್ದರು. ಗೆರೆಗೆ ಸ್ವಲ್ಪ ಕೆಳಗೆ ಸಣ್ಣ ವ್ಯವಹಾರಗಳು ಗುಂಪುಗಟ್ಟಿ ನಿಲ್ಲುವುದನ್ನು ಅಲ್ಲಿನ ಸಂಶೋಧಕರು ಅಂಕಿಗಳಲ್ಲಿ ತೋರಿಸಿದ್ದಾರೆ. ಬೆಳೆಯಬಹುದಾದವರು ಬೆಳೆಯದೆ ನಿಲ್ಲುತ್ತಾರೆ. ಆ 'ಬೇಡ ಬಿಡು' ಯಾವ ಅಂಕಿಅಂಶದಲ್ಲೂ ಹೂಡಿಕೆಯ ಇಳಿಕೆ ಎಂದು ದಾಖಲಾಗುವುದಿಲ್ಲ. ಊರಿಂದ ಬರಬೇಕಾಗಿದ್ದ ಹುಡುಗ ಈಗ ಹಾಸನದಲ್ಲಿ ಎಲ್ಲೋ ಕೆಲಸಕ್ಕಿದ್ದಾನಂತೆ.

ಸೆಪ್ಟೆಂಬರಿನಲ್ಲಿ ಚಿಕ್ಕಪ್ಪ ನೋಂದಣಿ ಮಾಡಿಸಿಕೊಂಡು ರಾಜಿ ತೆರಿಗೆಗೆ ಸೇರಿದರು. ಮೂರು ತಿಂಗಳಿಗೊಮ್ಮೆ ನನ್ನ ಲ್ಯಾಪ್‌ಟಾಪಿನಲ್ಲಿ ನಾನೇ ತುಂಬಿಸುತ್ತೇನೆ. ಮೊದಲ ಪೂರ್ತಿ ತ್ರೈಮಾಸಿಕಕ್ಕೆ ಕಟ್ಟಿದ್ದು 3,120 ರೂಪಾಯಿ. ರಾಜಿ ತೆರಿಗೆಯವರು ಗಿರಾಕಿಯಿಂದ ತೆರಿಗೆ ವಸೂಲು ಮಾಡುವಂತಿಲ್ಲ, ತಾವು ರಾಜಿ ತೆರಿಗೆಯವರು ಎಂದು ಅಂಗಡಿಯಲ್ಲಿ ಎದ್ದು ಕಾಣುವಂತೆ ಫಲಕ ಹಾಕಬೇಕು. ಹಾಕಿದ್ದಾರೆ, ಕ್ಯೂಆರ್ ಕೋಡಿನ ಪಕ್ಕದಲ್ಲೇ. "ಯಾರ ಹತ್ರ ತಗೋಬಾರ್ದು ಅಂತ ಬರ್ದಿದೆ, ಯಾರು ಕೊಡ್ತಾರೆ ಅಂತ ಬರ್ದಿಲ್ಲ" ಎಂದು ಫಲಕ ಅಂಟಿಸುವಾಗ ಗೊಣಗಿದರು. ಮೂರು ಸಾವಿರದ ಬಗ್ಗೆ ಅವರಿಗೆ ಅಂಥ ಬೇಸರವೇನೂ ಕಾಣಲಿಲ್ಲ. ಈಗ ನೋಟ್‌ಬುಕ್ಕಿನಲ್ಲಿ ಪ್ರತಿ ತಿಂಗಳ ಕೊನೆಗೆ ಕೂಡಿ, ಮೊತ್ತ ಬರೆದು, ಕೆಳಗೆ ಎರಡು ಗೆರೆ ಎಳೆಯುತ್ತಾರೆ. ಟೀ ಕೌಂಟರಿನ ಜಾಗದಲ್ಲಿ ಖಾಲಿ ಹಾಲಿನ ಕ್ರೇಟುಗಳಿವೆ.